ಪೀರಪ್ಪ ಸರಿ ಮಾಡಿದ ಕುಡಿಕೆ

ಪೀರಪ್ಪನಿಗೆ ಓರೆಯಾದದ್ದು ಕಂಡರೆ ಆಗುತ್ತಿರಲಿಲ್ಲ. ಗೋಡೆಯ ಕ್ಯಾಲೆಂಡರ್ ಒಂದು ಬೆರಳಿನಷ್ಟು ವಾಲಿದ್ದರೂ ಕೆಲಸ ಬಿಟ್ಟು ಎದ್ದು ಹೋಗಿ ನೆಟ್ಟಗೆ ಮಾಡಿ ಬರುತ್ತಿದ್ದ. ಟೀ ಅಂಗಡಿಯ ಬೆಂಚಿನ ಒಂದು ಕಾಲು ಗಿಡ್ಡವಾಗಿದ್ದರೆ ಅದರ ಕೆಳಗೆ ಹೆಂಚಿನ ಚೂರು ಕೊಟ್ಟು ಆಮೇಲೆ ಕೂರುತ್ತಿದ್ದ. ಒಮ್ಮೆ ನಾನು ಓರೆ ಬೈತಲೆ ತೆಗೆದುಕೊಂಡು ಬಂದಿದ್ದಕ್ಕೆ ಮಧ್ಯಾಹ್ನದವರೆಗೂ ನನ್ನ ಮುಖ ನೋಡದೆ ಮಾತಾಡಿದ. ಆಗ ನನಗೆ ನಗು ಬಂದಿತ್ತು. ಆ ಚಾಳಿ ಒಂದು ದಿನ ನಮ್ಮಿಬ್ಬರನ್ನೂ ಎಲ್ಲಿಗೆ ತಂದು ನಿಲ್ಲಿಸುತ್ತದೆ ಎಂದು ಗೊತ್ತಿದ್ದರೆ ನಗುತ್ತಿರಲಿಲ್ಲ.

ನಾವಿಬ್ಬರೂ ಇಂದಿರಾನಗರದಲ್ಲಿ ಶಮೀಮ್ ಮೇಡಂ ಅವರ ಶೆಡ್ಡಿನಲ್ಲಿ ಕೆಲಸಕ್ಕಿದ್ದೆವು. ಮೇಡಂ ಮನೆಯ ಹಿತ್ತಲಲ್ಲಿ ಶೀಟು ಹೊದಿಸಿದ ಉದ್ದನೆಯ ಶೆಡ್ಡು, ಅದರೊಳಗೆ ಕರೆಂಟಿನ ಮೇಲೆ ತಿರುಗುವ ಆರು ತಿಗರಿ, ಮೂಲೆಯಲ್ಲಿ ಮಡಕೆ ಸುಡುವ ಗ್ಯಾಸಿನ ಗೂಡು. ಗೇಟಿನ ಬೋರ್ಡಿನಲ್ಲಿ ‘ಎರಡು ಗಂಟೆಯಲ್ಲಿ ನಿಮ್ಮದೇ ಮಡಕೆ’ ಎಂದು ಬರೆದಿತ್ತು. ಊರು ನೋಡಲು ಬಂದವರು, ಸಂಜೆಯ ರೈಲಿಗೆ ಇನ್ನೂ ಹೊತ್ತಿದೆ ಎನ್ನುವವರು, ಮದುವೆಗೆಂದು ಬಂದು ಮದುವೆ ಮನೆಯಿಂದ ತಪ್ಪಿಸಿಕೊಂಡವರು, ಎಲ್ಲರೂ ಬಂದು ಕೂತು ಮೈಗೆಲ್ಲ ಮಣ್ಣು ಮಾಡಿಕೊಂಡು ಹೋಗುತ್ತಿದ್ದರು. ಅವರು ಮಾಡಿದ್ದು ಒಣಗಿ, ಗೂಡಿನಲ್ಲಿ ಬೆಂದು ಕೈಗೆ ಸಿಗಲು ಎರಡು ಮೂರು ವಾರ ಬೇಕು. ಮತ್ತೆ ಈ ಕಡೆ ಬಂದಾಗ ಒಯ್ಯುತ್ತಿದ್ದರು, ಇಲ್ಲವೇ ನಾವು ಪಾರ್ಸಲ್ ಮಾಡುತ್ತಿದ್ದೆವು. ಪೀರಪ್ಪ ಕಲಿಸುವವನು. ನಾನು ಮರ್ಫಿ ಟೌನಿನ ಹುಡುಗಿ ರಮ್ಯಶ್ರೀ, ಹೆಸರು ಬರೆದುಕೊಳ್ಳುವವಳು, ಫೋನ್ ಎತ್ತುವವಳು, ಯಾವ ಮಡಕೆ ಯಾರದೆಂದು ಚೀಟಿ ಇಡುವವಳು. ಇಷ್ಟೇ ನನ್ನ ಕೆಲಸ. ಇಷ್ಟನ್ನೂ ನೆಟ್ಟಗೆ ಮಾಡಲಿಲ್ಲ.

ಪೀರಪ್ಪ ಯಾದಗಿರಿ ಕಡೆಯ ಕುಂಬಾರ. ಊರಿಗೆ ಪ್ಲಾಸ್ಟಿಕ್ ಕೊಡ ಬಂದ ಮೇಲೆ ಮನೆಯ ತಿಗರಿ ನಿಂತಿತು. ಹೆಂಡತಿ ಜಟ್ಟೆಮ್ಮನನ್ನು ಕರೆದುಕೊಂಡು ಬೆಂಗಳೂರಿಗೆ ಬಂದು, ಜೋಗುಪಾಳ್ಯದಲ್ಲಿ ಒಂದು ರೂಮು ಹಿಡಿದು, ದೊಮ್ಮಲೂರಿನ ಕಡೆ ಕಟ್ಟಡಗಳಿಗೆ ಗಾರೆ ಕಲಸುತ್ತಿದ್ದ. ಮೇಡಂ ಮನೆಯ ಮಹಡಿ ಏಳುವಾಗ ಅಲ್ಲಿಗೂ ಗಾರೆಗೆ ಬಂದಿದ್ದವನು, ಅವರು ತರಿಸಿಟ್ಟಿದ್ದ ಜೇಡಿಮಣ್ಣನ್ನು ಊಟದ ಹೊತ್ತಿನಲ್ಲಿ ಹಿಡಿದು ನೋಡಿ, ಯಾರನ್ನೂ ಕೇಳದೆ ತಿಗರಿಯ ಮುಂದೆ ಕೂತು ಒಂದು ಗಡಿಗೆ ಎಬ್ಬಿಸಿಬಿಟ್ಟ. ಮೇಡಂ ಕಿಟಕಿಯಿಂದ ನೋಡಿದರು. ಮರುದಿನದಿಂದ ಅವನ ಕೈಗೆ ಸಿಮೆಂಟು ಮೆತ್ತುವುದು ನಿಂತಿತು. ಅದು 1995ರ ಮಾತು.

ಓರೆಯ ವಿಷಯಕ್ಕೆ ಬರುತ್ತೇನೆ. ಅವರ ಕಡೆ ಮದುವೆಗೆ ಮುಂಚೆ ವಾದ್ಯದೊಂದಿಗೆ ಕುಂಬಾರನ ಮನೆಗೆ ಹೋಗಿ, ಸುಣ್ಣ ಕೆಮ್ಮಣ್ಣು ಬಳಿದ ಗಡಿಗೆಗಳಿಗೆ ಪೂಜೆ ಮಾಡಿ ಹೊತ್ತು ತರುತ್ತಾರೆ. ಐರಾಣಿ ಎನ್ನುತ್ತಾರೆ. ಪೀರಪ್ಪ ಚಿಕ್ಕವನಿದ್ದಾಗ ಅವನ ಅಪ್ಪ ಕೊಟ್ಟ ಐರಾಣಿ ಗಡಿಗೆಯೊಂದು ಸ್ವಲ್ಪ ವಾಲಿತ್ತಂತೆ. ಹಂದರದ ಕೆಳಗೆ ಒಂದರ ಮೇಲೊಂದು ಜೋಡಿಸಿದಾಗ ಮೇಲಿನದು ಉರುಳಿ ಒಡೆಯಿತು. ಎರಡು ವರ್ಷಕ್ಕೆ ಆ ಮದುವೆಯ ಹುಡುಗಿ ಗಂಡನನ್ನು ಬಿಟ್ಟು ತವರಿಗೆ ಬಂದಳು. ಗಂಡ ಕುಡಿದು ಬಡಿಯುತ್ತಿದ್ದ ಎಂಬುದು ಯಾರ ತಲೆಗೂ ಹೋಗಲಿಲ್ಲ, ಕುಂಬಾರನ ಓರೆ ಗಡಿಗೆ ಮಾತ್ರ ಎಲ್ಲರ ನೆನಪಿಗೆ ಬಂತು. ಅವನ ಅಪ್ಪನನ್ನು ಓಣಿಯಲ್ಲಿ ನಿಲ್ಲಿಸಿ ಬೈದರು. ಅಪ್ಪ ತಲೆ ತಗ್ಗಿಸಿ ನಿಂತಿದ್ದನ್ನು ಇವನು ಬಾಗಿಲ ಸಂದಿಯಿಂದ ನೋಡಿದ. ಇದನ್ನು ಅವನು ನನಗೆ ಹೇಳಿದ್ದು ಒಂದೇ ಸಲ, ಮಣ್ಣು ತುಳಿಯುತ್ತಾ, ಯಾರದೋ ಮನೆಯ ಕಥೆ ಎಂಬಂತೆ.

ಹೀಗಾಗಿ ಅರ್ಧ ಒಣಗಿದ ಮಡಕೆ ಓರೆಯಾಗಿ ಕಂಡರೆ ಅವನ ಕೈ ಸುಮ್ಮನಿರುತ್ತಿರಲಿಲ್ಲ. ನೀರು ಸವರಿ, ಒಳಗೊಂದು ಗುಂಡುಕಲ್ಲು ಹಿಡಿದು, ಹೊರಗಿನಿಂದ ಮರದ ಹಲಗೆಯಲ್ಲಿ ಮೆಲ್ಲಗೆ ತಟ್ಟಿ ತಟ್ಟಿ ಸರಿ ಮಾಡಿಬಿಡುತ್ತಿದ್ದ. ಒಮ್ಮೆ ದೆಹಲಿಯವನೊಬ್ಬ ಪಾರ್ಸಲ್ ಬಿಚ್ಚಿ ನೋಡಿ, ಇದು ನಾನು ಮಾಡಿದ್ದೇ ಅಲ್ಲ, ಅಂಗಡಿಯದನ್ನು ಕಳಿಸಿ ಮೋಸ ಮಾಡಿದ್ದೀರಿ ಎಂದು ಕಾಗದ ಬರೆದ. ಮೇಡಂ ಅವತ್ತು ಪೀರಪ್ಪನನ್ನು ಕರೆದು ಹೇಳಿದರು, ಬಂದವರ ಮಡಕೆಯನ್ನು ಇನ್ನೊಮ್ಮೆ ಮುಟ್ಟಿದರೆ ಅದೇ ಕೊನೆಯ ದಿನ. ಅವನಿಗೆ ವಯಸ್ಸು ಐವತ್ತು ದಾಟಿತ್ತು. ಬೆನ್ನು ಹಿಡಿದುಕೊಂಡಿದ್ದರಿಂದ ಮತ್ತೆ ಗಾರೆಗೆ ಹೋಗುವ ಹಾಗಿರಲಿಲ್ಲ. ಹೂಂ ಎಂದ. ಮುಟ್ಟುವುದನ್ನು ಬಿಟ್ಟನೋ, ನಮಗೆ ಕಾಣದ ಹಾಗೆ ಮುಟ್ಟಲು ಕಲಿತನೋ, ನಾನು ವಿಚಾರಿಸಲು ಹೋಗಲಿಲ್ಲ.

2001ರ ದಸರಾ ರಜೆಯಲ್ಲಿ ಒಂದು ಮಧ್ಯಾಹ್ನ ಅಮ್ಮ ಮಗಳು ಇಬ್ಬರು ಬಂದರು. ಮಗಳು ನಾಗರತ್ನಾ, ಚಳ್ಳಕೆರೆಯಲ್ಲಿ ಹೈಸ್ಕೂಲ್ ಟೀಚರು. ತಾಯಿ ರಾಮಲಕ್ಷ್ಮಮ್ಮ. ಮೈಸೂರು ನೋಡಿಕೊಂಡು, ಹಲಸೂರಿನ ಸೋಮೇಶ್ವರನಿಗೆ ಕೈಮುಗಿದು, ಸಂಜೆ ತಿರುಪತಿಯ ಬಸ್ಸು ಹತ್ತುವವರಿದ್ದರು. ತಾಯಿಗೆ ಕಾಲು ನೋಯುತ್ತಿದ್ದರಿಂದ ಕೂರಲು ಒಂದು ಜಾಗ ಬೇಕಿತ್ತು, ಬೋರ್ಡು ಕಂಡಿತು, ಒಳಗೆ ಬಂದರು. ಮಣ್ಣಾಟ ಆಡೋದಕ್ಕೂ ದುಡ್ಡು ಕೊಡಬೇಕಾ ಎಂದು ಆ ತಾಯಿ ಮಗಳನ್ನು ಗದರಿಕೊಂಡೇ ಸ್ಟೂಲಿನ ಮೇಲೆ ಕೂತರು. ನಾನು ಕೊಟ್ಟ ಟೀ ಲೋಟವನ್ನು ಕಿರುಬೆರಳು ದೂರ ಚಾಚಿ ಹಿಡಿದು ಕುಡಿದರು. ಮುದುಕಿಯ ಶೋಕಿ ನೋಡು ಎಂದುಕೊಂಡೆ.

ಮಗಳಿಗೆ ಪೀರಪ್ಪ ಪಕ್ಕದಲ್ಲಿ ಕೂತು ಕಲಿಸಿದ. ಅಗಲ ಬಾಯಿಯ ಒಂದು ಕುಡಿಕೆ ಎದ್ದಿತು. ಅವನು ಇನ್ನೊಂದು ತಿಗರಿಯ ಗಂಡ ಹೆಂಡತಿಯ ಜಗಳ ಬಿಡಿಸಲು ಆಚೆ ಹೋದಾಗ ಕುಡಿಕೆ ಒಂದು ಕಡೆಗೆ ವಾಲಿತು. ನಾಗರತ್ನಾ ಅಯ್ಯೋ ಎಂದು ತಿಗರಿಯ ಸ್ವಿಚ್ಚು ಆರಿಸುವಷ್ಟರಲ್ಲಿ ಕಾಲು ನೋವಿನ ತಾಯಿ ಎಲ್ಲಿದ್ದರೋ ಎದ್ದು ಬಂದು ಬಲಗೈಯಿಂದ ಅದನ್ನು ಗಪ್ಪನೆ ಹಿಡಿದರು. ತಿಗರಿ ನಿಂತಿತು. ಅವರು ಕೈ ತೆಗೆದಾಗ ಮಣ್ಣಿನಲ್ಲಿ ಬೆರಳುಗಳು ಆಳವಾಗಿ ಮೂಡಿದ್ದವು. ಬೀಳ್ತಿತ್ತು, ಹಿಡ್ಕೊಂಡೆ ಕಣೇ ಎಂದು ತಾಯಿ ನಕ್ಕರು. ಮಗಳೂ ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು.

ಹೋಗುವಾಗ ನಾಗರತ್ನಾ ಕುಡಿಕೆಯನ್ನು ಹಲಗೆ ಸಮೇತ ನನ್ನ ಕೈಗೆ ಕೊಟ್ಟು, ಮುಂದಿನ ತಿಂಗಳು ತರಬೇತಿಗೆ ಬೆಂಗಳೂರಿಗೆ ಬರುತ್ತೇನೆ, ಆಗ ಒಯ್ಯುತ್ತೇನೆ ಎಂದಳು. "ಇದನ್ನ ಹೀಗೇ ಬಿಡೋಕೆ ಹೇಳಿ ಅವ್ರಿಗೆ. ನಮ್ಮಮ್ಮನ ಕೈ ಇದೆ ಇದ್ರಲ್ಲಿ."

ಆಯ್ತು ಎಂದೆ. ಅಷ್ಟರಲ್ಲಿ ಫೋನ್ ಹೊಡೆದುಕೊಂಡಿತು. ಚೀಟಿಯಲ್ಲಿ ನಾಗರತ್ನಾ, ಚಳ್ಳಕೆರೆ ಎಂದು ಬರೆದು, ಕುಡಿಕೆಯನ್ನು ಶೆಲ್ಫಿನಲ್ಲಿಟ್ಟು ಫೋನಿಗೆ ಓಡಿದೆ. ಹೇಳಬೇಕಾದ್ದನ್ನು ಹೇಳಲಿಲ್ಲ. ನೆನಪೇ ಆಗಲಿಲ್ಲ.

ನವೆಂಬರಿನ ಒಂದು ಭಾನುವಾರ ಚಳ್ಳಕೆರೆಯಿಂದ ಫೋನು ಬಂತು. ನಾಗರತ್ನಾ ಸಮಾಧಾನವಾಗಿಯೇ ಮಾತಾಡಿದಳು. ತಿರುಪತಿಯಿಂದ ಬಂದು ಹದಿನೈದು ದಿನಕ್ಕೆ ಅಮ್ಮ ತೀರಿಕೊಂಡರಂತೆ, ಬೆಳಗ್ಗೆ ಹಾಲು ಕಾಯಿಸುತ್ತಾ ನಿಂತವರು ಅಲ್ಲೇ ಕುಸಿದರಂತೆ. ಶನಿವಾರ ತರಬೇತಿ ಮುಗಿಯುತ್ತದೆ, ಅವತ್ತು ಸಂಜೆ ಬರುತ್ತೇನೆ ಎಂದಳು. "ಆ ಕುಡಿಕೆ ಜೋಪಾನ ಕಣ್ರೀ. ಅಮ್ಮಂದು ಅಂತ ಸೀರೆ ಇದೆ, ಫೋಟೋ ಇದೆ. ಕೈ ಅಂತ ಇರೋದು ಅದೊಂದೇ."

ಫೋನಿಟ್ಟು ಶೆಲ್ಫಿನ ಹತ್ತಿರ ಹೋದೆ. ಚೀಟಿ ಅಲ್ಲೇ ಇತ್ತು. ಅದರ ಮೇಲೆ ಕೂತಿದ್ದ ಕುಡಿಕೆ ಗೂಡಿನಲ್ಲಿ ಬೆಂದು ಕೆಂಪಗಾಗಿ, ಅಳೆದು ಮಾಡಿದ ಹಾಗೆ ದುಂಡಗಿತ್ತು. ಎಲ್ಲೂ ಒಂದು ತಗ್ಗಿಲ್ಲ, ಒಂದು ಗೆರೆಯಿಲ್ಲ. ಪೀರಪ್ಪನನ್ನು ಕರೆದು ತೋರಿಸಿದೆ. ಅವನು ನನ್ನ ಮುಖ ನೋಡಿ ಮೊದಲು ತಡವರಿಸಿದ, ಆಮೇಲೆ ಸಣ್ಣ ಧ್ವನಿಯಲ್ಲಿ ಒಪ್ಪಿಕೊಂಡ.

"ಭಾಳ ವಾರಿ ಆಗಿತ್ತು ತಂಗಿ. ಯಾರೋ ಎತ್ತಿಡೋವಾಗ ಹಿಚುಕ್ಯಾರ ಅನ್ಕೊಂಡೆ. ಸರಿ ಮಾಡೀನಿ."

ಅದು ತಾಯಿಯ ಕೈ, ತಾಯಿ ಈಗ ಇಲ್ಲ ಎಂದು ಹೇಳಿದೆ. ಅವನು ಅಲ್ಲೇ ಮಣ್ಣಿನ ಚೀಲದ ಮೇಲೆ ಕೂತುಬಿಟ್ಟ. ಹಾಗೇ ಬಿಡಿ ಎಂದು ಅವಳು ನನಗೆ ಹೇಳಿ ಹೋಗಿದ್ದಳು ಎಂಬುದನ್ನು ಆಗಲೂ ಹೇಳಲಿಲ್ಲ. ಹೇಳಲು ಬಾಯಿ ಬರಲಿಲ್ಲ ಎಂದರೆ ಚೆಂದ ಕೇಳಿಸುತ್ತದೆ. ಹೆದರಿದೆ, ಅಷ್ಟೇ. ನನ್ನ ಸಂಬಳದಲ್ಲೇ ನಮ್ಮ ಮನೆ ನಡೆಯುತ್ತಿತ್ತು, ಮೇಡಂಗೆ ತಿಳಿದರೆ ಇಬ್ಬರೂ ಒಟ್ಟಿಗೆ ಗೇಟು ದಾಟಬೇಕು.

ಬೆಂದ ಮಣ್ಣಿನ ಮೇಲೆ ಮತ್ತೆ ಬೆರಳು ಮೂಡಿಸಲು ಆಗುವುದಿಲ್ಲ. ಆದರೆ ಹೊಸದೊಂದನ್ನು ಮಾಡಬಹುದು. ಈ ಯೋಚನೆ ಬಂದದ್ದು ನನಗೆ. ಜಟ್ಟೆಮ್ಮನ ಕೈ ಹೆಚ್ಚು ಕಡಿಮೆ ಆ ತಾಯಿಯ ಅಳತೆಯದೇ. ಸೋಮವಾರ ಮಾಡಿದರೆ ಶುಕ್ರವಾರದ ಗೂಡಿಗೆ ಇಡಬಹುದು, ಶನಿವಾರ ಮಧ್ಯಾಹ್ನ ತೆಗೆಯಬಹುದು. ಪೀರಪ್ಪ ಬೇಡ ಎಂದ. ಹಾಗಾದರೆ ನೀವೇ ಅವರಿಗೆ ಹೇಳಿ ಎಂದೆ. ಅವನು ಎದ್ದು ಹೋಗಿ ಮಣ್ಣು ನೆನೆಹಾಕಿದ.

ಸೋಮವಾರ ಕ್ಲಾಸ್ ಮುಗಿದ ಮೇಲೆ ಅವನು ತಿಗರಿಗೆ ಕೂತ. ಓರೆಯಾಗಿ ಮಾಡು ಎಂದರೆ ಅವನಿಂದ ಆಗಲೇ ಇಲ್ಲ. ಮೂರು ಸಲ ಎಬ್ಬಿಸಿದ, ಮೂರು ಸಲವೂ ಕುಡಿಕೆ ಕಂಬದ ಹಾಗೆ ನೆಟ್ಟಗೆ ನಿಂತಿತು. ಕೊನೆಗೆ ಮುಖ ಆ ಕಡೆ ತಿರುಗಿಸಿಕೊಂಡ. ನಾನು ಅಂಗೈಯಿಂದ ದೂಡಿ ವಾಲಿಸಿದೆ.

ಜಟ್ಟೆಮ್ಮ ಮನೆಕೆಲಸ ಮುಗಿಸಿಕೊಂಡು ಬಂದವಳು ವಿಷಯ ಕೇಳಿ ಬಾಗಿಲಲ್ಲೇ ನಿಂತಳು. ಅವಳು ಹೆದರುವ ಹೆಂಗಸಲ್ಲ. ಇಂದಿರಾನಗರದ ನಾಲ್ಕು ಮನೆಯ ಯಜಮಾನಿಯರು ಅವಳಿಗೆ ಹೆದರುತ್ತಿದ್ದರು. ಆದರೆ ಅವತ್ತು ಸೆರಗಿನಲ್ಲಿ ಕೈ ಮುಚ್ಚಿಕೊಂಡಳು. "ಜೀವ ಇರೋ ಕೈ ತಂದು ಸತ್ತಾಕಿ ಕೈ ಅಂತ ಹೇಳ್ತೀಯೇನು ತಂಗಿ? ನಾ ಮುತ್ತೈದಿ ಇದ್ದೀನಿ."

ನಾನು ಕೈ ಮುಗಿದೆ. ಗಂಡನ ಕೆಲಸದ ಮಾತು ತೆಗೆದೆ. ಅವಳು ಗಂಡನನ್ನು ನೋಡಿದಳು, ಅವನು ನೆಲ ನೋಡುತ್ತಿದ್ದ. ಕಡೆಗೆ ಬಂದು, ಕಣ್ಣು ಮುಚ್ಚಿಕೊಂಡು, ಕುಡಿಕೆಯನ್ನು ಹಿಡಿದು ಒತ್ತಿದಳು. ನಲ್ಲಿಯ ಕೆಳಗೆ ಮೊಣಕೈಯವರೆಗೆ ಕೈ ತೊಳೆದು, ಹಣೆಯ ಕುಂಕುಮ ಇದೆಯೋ ಎಂದು ಮುಟ್ಟಿ ನೋಡಿಕೊಂಡು ಹೋದಳು. ಪೀರಪ್ಪ ಬಗ್ಗಿ ಆ ಗುರುತುಗಳನ್ನು ಬಹಳ ಹೊತ್ತು ನೋಡಿದ.

"ಇದು ಆ ಕೈ ಅಲ್ಲ ತಂಗಿ," ಎಂದ.

ಯಾರಿಗೆ ಗೊತ್ತಾಗುತ್ತೆ, ಸುಮ್ಮನಿರಿ ಎಂದು ರೇಗಿದೆ. ಅವನು ಹೇಳಲು ಹೊರಟಿದ್ದನ್ನು ಅವತ್ತು ಪೂರ್ತಿ ಕೇಳಿಸಿಕೊಂಡಿದ್ದರೆ ಎಂದು ಈಗಲೂ ಅನಿಸುತ್ತದೆ.

ಆ ವಾರ ಬಿಸಿಲೇ ಬರಲಿಲ್ಲ. ಬೆಳಗ್ಗೆ ತುಂತುರು, ಮಧ್ಯಾಹ್ನ ಮೋಡ, ಸಂಜೆ ಮತ್ತೆ ತುಂತುರು. ಮಡಕೆಯೊಳಗೆ ತೇವ ಉಳಿದರೆ ಅದು ಗೂಡಿನಲ್ಲಿ ಸಿಡಿಯುತ್ತದೆ, ಸಿಡಿದರೆ ಪಕ್ಕದವನ್ನೂ ಒಡೆಯುತ್ತದೆ. ಬುಧವಾರ ಪೀರಪ್ಪ ಕುಡಿಕೆಯನ್ನು ಕೆನ್ನೆಗೆ ಒತ್ತಿ ನೋಡಿದ. ತಣ್ಣಗಿದ್ದರೆ ಹಸಿ ಎಂದರ್ಥ. ತಣ್ಣಗಿತ್ತು. ಗುರುವಾರ ಅದನ್ನು ಬುಟ್ಟಿಯಲ್ಲಿಟ್ಟು ಜೋಗುಪಾಳ್ಯಕ್ಕೆ ಒಯ್ದು ಸೀಮೆಎಣ್ಣೆ ಸ್ಟೌವಿನ ಪಕ್ಕ ಇಟ್ಟ. ಬೇಡ ಎಂದಿದ್ದ ಜಟ್ಟೆಮ್ಮನೇ ರೊಟ್ಟಿ ಬಡಿಯುತ್ತಾ ಅದನ್ನು ಸ್ವಲ್ಪ ಸ್ವಲ್ಪ ತಿರುಗಿಸಿದಳಂತೆ.

ಶುಕ್ರವಾರ ಬೆಳಗ್ಗೆ ಮತ್ತೆ ಕೆನ್ನೆಗೆ ಹಿಡಿದ. ಮೈ ಒಣಗಿದೆ, ತಳ ಇನ್ನೂ ಕೊಂಚ ತಣ್ಣಗಿದೆ ಎಂದ. ಬೇರೆ ದಾರಿ ಇರಲಿಲ್ಲ. ಮೇಡಂ ಬಂದು ಗೂಡು ತುಂಬಲು ಶುರು ಮಾಡಿದರು. ಎಲ್ಲವನ್ನೂ ಒಂದೊಂದಾಗಿ ಎತ್ತಿ ನೋಡಿ ಇಡುವುದು ಅವರ ಪದ್ಧತಿ. ನಮ್ಮ ಕುಡಿಕೆಯನ್ನು ಎತ್ತಿದವರು ಕೈಯಲ್ಲೇ ತೂಗಿ, ಇದು ಯಾವಾಗಿನದು ಎಂದು ಕೇಳಿದರು. ಹೋದ ವಾರದ್ದು ಮೇಡಂ ಎಂದೆ. ಬಣ್ಣ ಇನ್ನೂ ಹಸಿಮಣ್ಣಿನ ಹಾಗೆ ಗಾಢವಾಗಿದೆಯಲ್ಲ ಎಂದರು. ಪೀರಪ್ಪ ಹತ್ತಿರ ಬಂದು, ಅದನ್ನು ಮೇಲಿನ ಮೂಲೆಗೆ ಇಡೋಣ, ಅಲ್ಲಿ ಕಾವು ನಿಧಾನ ಎಂದ. ಅವರು ಅವನನ್ನೊಮ್ಮೆ ನೋಡಿ ಕೊಟ್ಟರು.

ಉರಿ ಹಚ್ಚಿ ಎರಡು ಗಂಟೆಯಾಗಿತ್ತು. ನಾನು ಲೆಡ್ಜರಿನ ಮುಂದೆ ಕೂತಿದ್ದೆ, ಒಂದಕ್ಷರ ಬರೆದಿರಲಿಲ್ಲ. ಗೂಡಿನೊಳಗೆ ಟಪ್ ಎಂದಿತು. ಪೀರಪ್ಪ ನೀರಿನ ಬಕೆಟ್ಟನ್ನು ಎತ್ತಿದವನು ಎತ್ತಿದ ಹಾಗೇ ನಿಂತ. ಮೇಡಂ ತಲೆಯೆತ್ತಿ, ಯಾವುದೋ ಹೋಯ್ತು ಎಂದರು. ಯಾವುದು ಎಂದು ಶನಿವಾರದವರೆಗೆ ತಿಳಿಯುವ ಹಾಗಿಲ್ಲ. ಬಿಸಿಯಿರುವಾಗ ಬಾಗಿಲು ತೆಗೆದರೆ ಉಳಿದದ್ದೂ ಬಿರಿಯುತ್ತದೆ.

ಶನಿವಾರ ಮಧ್ಯಾಹ್ನ ಬಾಗಿಲು ತೆಗೆದಾಗ ಸಿಡಿದದ್ದು ಯಾರೋ ಮಾಡಿದ್ದ ದಪ್ಪ ತಳದ ಬೂದಿಬಟ್ಟಲು. ನಮ್ಮ ಕುಡಿಕೆ ಮೇಲಿನ ಮೂಲೆಯಲ್ಲಿ ಗಟ್ಟಿಯಾಗಿ ಕೂತಿತ್ತು. ನನಗೆ ಹೋದ ಜೀವ ಬಂದಂತಾಯಿತು. ಪೀರಪ್ಪ ಅದನ್ನು ಬಟ್ಟೆಯಿಂದ ಒರೆಸಿ ನನ್ನ ಮೇಜಿನ ಮೇಲಿಟ್ಟ. ಒಡೆದಿದ್ದರೇ ಚೆನ್ನಾಗಿತ್ತು ಎನ್ನುವ ಹಾಗಿತ್ತು ಅವನ ಮುಖ. ಅವನು ಸರಿ ಮಾಡಿದ್ದ ಅಸಲಿ ಕುಡಿಕೆಯನ್ನು ನಾನು ಕೆಳಗಿನ ಶೆಲ್ಫಿನಲ್ಲಿ ಗೋಣಿಚೀಲದ ಹಿಂದೆ ತಳ್ಳಿದ್ದೆ.

ನಾಗರತ್ನಾ ನಾಲ್ಕೂವರೆಗೆ ಬಂದಳು. ಹೆಗಲಲ್ಲಿ ತರಬೇತಿಯ ಚೀಲ, ಒಂದು ತಿಂಗಳಲ್ಲಿ ಮುಖ ಅರ್ಧವಾಗಿತ್ತು. ಮೇಡಂ ಆಚೆ ಕೂತು ಗೂಡಿನಿಂದ ತೆಗೆದದ್ದನ್ನು ವಿಂಗಡಿಸುತ್ತಿದ್ದರು, ಪೀರಪ್ಪ ತಿಗರಿಯಲ್ಲಿದ್ದ. ನಾನು ಹಳೇ ಪೇಪರಿನಲ್ಲಿ ಸುತ್ತಿದ್ದ ಕುಡಿಕೆಯನ್ನು ಕೊಟ್ಟೆ. ಬೇಗ ಹೋಗಿಬಿಡಲಿ ಎಂದು ಮನಸ್ಸಿನಲ್ಲೇ ಬೇಡಿಕೊಂಡೆ. ಅವಳು ಹೋಗಲಿಲ್ಲ. ಸ್ಟೂಲಿನ ಮೇಲೆ, ಅವರಮ್ಮ ಕೂತಿದ್ದ ಅದೇ ಸ್ಟೂಲಿನ ಮೇಲೆ ಕೂತು ಪೇಪರ್ ಬಿಚ್ಚಿದಳು. ಹೆಬ್ಬೆರಳನ್ನು ಹೆಬ್ಬೆರಳಿನ ತಗ್ಗಿನಲ್ಲಿಟ್ಟಳು. ತೋರುಬೆರಳು ಇಟ್ಟಳು, ನಡುಬೆರಳು ಇಟ್ಟಳು, ಉಂಗುರ ಬೆರಳು ಇಟ್ಟಳು. ಆಮೇಲೆ ಅವಳ ಕೈ ನಿಂತಿತು. ಎಲ್ಲ ಬೆರಳನ್ನೂ ತೆಗೆದು ಮತ್ತೆ ಮೊದಲಿನಿಂದ ಇಟ್ಟಳು. ಮತ್ತೆ ಅಲ್ಲೇ ನಿಂತಿತು.

"ಇದು ನಮ್ಮಮ್ಮನ ಕೈ ಅಲ್ಲ," ಎಂದಳು.

ನಿಮ್ಮದೇ, ಚೀಟಿ ನೋಡಿ ಎಂದು ನಾನು ಚೀಟಿ ಮುಂದೆ ಹಿಡಿದೆ.

"ಇಲ್ಲಿ ಕಿರುಬೆರಳಿದೆ ನೋಡಿ. ಅಮ್ಮಂಗೆ ಕಿರುಬೆರಳು ಮಡಿಚೋಕೆ ಬರ್ತಿರಲಿಲ್ಲ ಕಣ್ರೀ. ಚಿಕ್ಕೋಳಿದ್ದಾಗ ರಾಗಿಕಲ್ಲಿಗೆ ಸಿಕ್ಕಿ ಜಜ್ಜಿಹೋಗಿತ್ತು. ಏನ್ ಹಿಡಿದ್ರೂ ಅದು ನೆಟ್ಟಗೆ ಹೊರಗೇ ನಿಲ್ಲೋದು."

ನನಗೆ ಟೀ ಲೋಟ ನೆನಪಾಯಿತು. ಶೋಕಿ ಎಂದುಕೊಂಡಿದ್ದು ನೆನಪಾಯಿತು.

ಪೀರಪ್ಪನ ತಿಗರಿಯ ಸದ್ದು ನಿಂತಿತು. ಅವನು ಎದ್ದು, ಮಣ್ಣಿನ ಕೈಯಲ್ಲೇ ಕೆಳಗಿನ ಶೆಲ್ಫಿನ ಗೋಣಿಚೀಲ ಸರಿಸಿ, ದುಂಡಗಿನ ಕುಡಿಕೆಯನ್ನು ತೆಗೆದುಕೊಂಡು ಬಂದು ನಾಗರತ್ನಾಳ ಮುಂದಿಟ್ಟ.

"ನಿಮ್ಮದು ಇದ್ರಿ ಅಕ್ಕೋರ. ವಾರಿ ಆಗಿತ್ತಂತ ನಾ ಸರಿ ಮಾಡೀನಿ. ನಿಮ್ಮ ತಾಯಿ ಕೈ ಅಂತ ಗೊತ್ತಾಗ್ಲಿಲ್ರಿ. ಅದು ನನ್ನ ಹೆಂಡ್ತಿ ಕೈ."

ಮೇಡಂ ಎದ್ದು ಬಂದಿದ್ದರು. ಅವರಿಗೆ ಒಂದೇ ಕ್ಷಣದಲ್ಲಿ ಎಲ್ಲ ಅರ್ಥವಾಯಿತು, ಶುಕ್ರವಾರದ ಗಾಢ ಬಣ್ಣವೂ ಸೇರಿ. ಅವರು ಕೂಗಾಡಲಿಲ್ಲ. ನಾಳೆಯಿಂದ ಬರಬೇಡ ಪೀರಪ್ಪ ಎಂದರು. ಅವನು ತಲೆ ತಗ್ಗಿಸಿ ಹೂಂ ಎಂದ. ಅವನ ಅಪ್ಪ ಓಣಿಯಲ್ಲಿ ನಿಂತದ್ದು ಹೀಗೇ ಇರಬೇಕು ಎನಿಸಿತು. ಅವತ್ತು ಅಲ್ಲಿ ಬಾಗಿಲ ಸಂದಿಯಿಂದ ನೋಡುತ್ತಾ ಸುಮ್ಮನಿದ್ದವನು ಚಿಕ್ಕವನಾಗಿದ್ದ. ನಾನು ಚಿಕ್ಕವಳಲ್ಲ.

"ಹೀಗೇ ಬಿಡಿ ಅಂತ ಅವ್ರು ನಂಗೆ ಹೇಳಿದ್ರು ಮೇಡಂ," ಎಂದೆ. "ನಾನು ಪೀರಣ್ಣಂಗೆ ಹೇಳ್ಲಿಲ್ಲ. ಮರ್ತೆ. ಈ ಸುಳ್ಳು ಕುಡಿಕೆ ಮಾಡ್ಸಿದ್ದೂ ನಾನೇ. ಅದನ್ನ ವಾಲಿಸಿದ್ದೂ ನಾನೇ."

ಪೀರಪ್ಪ ನನ್ನತ್ತ ತಿರುಗಿದ. ಅವನ ನೋಟದಲ್ಲಿ ಸಿಟ್ಟಿರಲಿಲ್ಲ, ಅದನ್ನೇ ನನಗೆ ತಡೆಯಲಾಗಲಿಲ್ಲ.

ನಾಗರತ್ನಾ ನಮ್ಮಲ್ಲಿ ಯಾರ ಮಾತನ್ನೂ ಕೇಳುತ್ತಿರಲಿಲ್ಲ. ದುಂಡಗಿನ ಕುಡಿಕೆಯನ್ನು ಬೆಳಕಿಗೆ ಹಿಡಿದು ತಿರುಗಿಸಿ ತಿರುಗಿಸಿ ನೋಡುತ್ತಿದ್ದಳು. ಒಳಗೆ ಕೈ ಹಾಕಿ ತಡವಿದಳು, ಹೊರಗೆ ತಡವಿದಳು. ಏನೂ ಸಿಗಲಿಲ್ಲ. ಪೀರಪ್ಪನ ಕೆಲಸ ಅಷ್ಟು ಚೊಕ್ಕ.

"ಇಷ್ಟು ಚೆನ್ನಾಗಿ ಯಾಕ್ ಮಾಡಿದ್ರಿ?" ಎಂದಳು. ಆಮೇಲೆ ಅತ್ತಳು. ಶೆಡ್ಡಿನಲ್ಲಿ ನಾವು ಮೂವರು ನಿಂತಿದ್ದೆವು, ಯಾರೂ ಹತ್ತಿರ ಹೋಗಲಿಲ್ಲ. ಹೋಗುವ ಯೋಗ್ಯತೆ ನಮಗಿರಲಿಲ್ಲ.

ಅವಳ ಅಳು ತಗ್ಗಿದ ಮೇಲೆ ಪೀರಪ್ಪ ನಲ್ಲಿಯಲ್ಲಿ ಕೈ ತೊಳೆದು, ಪಂಚೆಗೆ ಒರೆಸಿಕೊಂಡು ಬಂದು ಅವಳೆದುರು ಕುಕ್ಕರಗಾಲಿನಲ್ಲಿ ಕೂತ.

"ಎಲ್ಲೆಲ್ಲಿ ಇತ್ತು ಅಂತ ನಂಗ ಗೊತ್ತದ್ರಿ ಅಕ್ಕೋರ. ಒಂದೊಂದೂ ನಾನಾ ಒಳಗಿಂದ ಒತ್ತಿ ತೆಗದೀನಿ."

ಅವಳು ಕುಡಿಕೆಯನ್ನು ಕೊಡಲಿಲ್ಲ, ತನ್ನ ಮಡಿಲಲ್ಲೇ ಹಿಡಿದುಕೊಂಡಳು. ಅವನು ಅದನ್ನು ಮುಟ್ಟದೆ, ಒಂದು ಕೂದಲೆಳೆ ದೂರದಲ್ಲಿ ಬೆರಳು ಹಿಡಿದು ತೋರಿಸುತ್ತಾ ಹೋದ. ಹೆಬ್ಬೆರಳು ಇಲ್ಲಿ, ಕಂಠದ ಕೆಳಗೆ, ಸ್ವಲ್ಪ ಜಾರಿತ್ತು. ತೋರುಬೆರಳು ಇಲ್ಲಿ, ಉಗುರು ತಾಗಿತ್ತು. ನಡುಬೆರಳು ಇಲ್ಲಿ, ಎಲ್ಲಕ್ಕಿಂತ ಆಳ, ಮೂರು ಸಲ ಕಲ್ಲು ಕೊಡಬೇಕಾಯಿತು. ಉಂಗುರ ಬೆರಳು ಇಲ್ಲಿ, ತೆಳ್ಳನೆಯ ಉಂಗುರದ ಗೆರೆಯಿತ್ತು. ಅವನು ತೋರಿಸಿದ ಹಾಗೆ ಅವಳು ಅಲ್ಲಲ್ಲಿ ತನ್ನ ಬೆರಳು ಊರುತ್ತಾ ಬಂದಳು. ನಾಲ್ಕಾದವು. ಪೀರಪ್ಪನ ಕೈ ಗಾಳಿಯಲ್ಲಿ ನಿಂತಿತು.

"ಕಿರುಬೆರಳಂದು ಇರ್ಲಿಲ್ರಿ. ಅದನ್ನೂ ಸರಿ ಮಾಡ್ಬೇಕಂತ ನಾ ಭಾಳ ಹುಡುಕಿದ್ದೆ. ಸಿಗ್ಲಿಲ್ಲ."

ನಾಗರತ್ನಾ ಹಾಗೇ ಕೂತಳು. ನಾಲ್ಕು ಬೆರಳು ಕುಡಿಕೆಯ ಮೇಲೆ, ಕಿರುಬೆರಳು ನೆಟ್ಟಗೆ ಹೊರಗೆ.

ಮೇಡಂ ಒಳಗೆ ಹೋಗಿ ಬಾಗಿಲು ಹಾಕಿಕೊಂಡರು. ಎರಡು ದಿನ ಬಿಟ್ಟು ನಮ್ಮಿಬ್ಬರನ್ನೂ ಕರೆದು, ಜನ್ಮದಲ್ಲಿ ಮರೆಯದ ಹಾಗೆ ಉಗಿದು, ಕೆಲಸದಲ್ಲಿ ಇಟ್ಟುಕೊಂಡರು. ಜಟ್ಟೆಮ್ಮ ತನ್ನ ಕೈಯ ಕುಡಿಕೆಯನ್ನು ಕೇಳಿ ಪಡೆದು, ತಾನೇ ಒಡೆದು, ಪುಡಿ ಮಾಡಿ ಹಿತ್ತಲಿಗೆ ಹಾಕಿದಳು. ಶೆಡ್ಡು ಮುಚ್ಚುವವರೆಗೆ, ಅಂದರೆ ಇನ್ನೂ ಆರು ವರ್ಷ, ಪೀರಪ್ಪ ಅಲ್ಲೇ ಕಲಿಸಿದ. ಯಾರ ಮಡಕೆಯಾದರೂ ವಾಲಿದರೆ ಎರಡೂ ಕೈಯನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು ನಿಲ್ಲುತ್ತಿದ್ದ. ಕ್ಯಾಲೆಂಡರನ್ನು ಮಾತ್ರ ಸರಿ ಮಾಡುತ್ತಿದ್ದ. ಇದೆಲ್ಲ ಆಮೇಲಿನದು.

ಅವತ್ತು ಸಂಜೆ ಬಹಳ ಹೊತ್ತಿನ ಮೇಲೆ ನಾಗರತ್ನಾ ಕಣ್ಣೊರೆಸಿಕೊಂಡು, ನಿಮ್ಮನ್ನ ಕ್ಷಮಿಸೋಕೆ ನನ್ನಿಂದ ಆಗಲ್ಲ ಎಂದಳು. ಪೀರಪ್ಪ ಸರಿ ಎಂಬಂತೆ ತಲೆಯಾಡಿಸಿದ. ಅವಳು ಬೆರಳುಗಳನ್ನು ಒಂದೊಂದಾಗಿ ಕುಡಿಕೆಯಿಂದ ತೆಗೆದು, ಅದನ್ನು ಅವನ ಕಡೆಗೆ ಸ್ವಲ್ಪ ತಿರುಗಿಸಿ ಹಿಡಿದಳು.

"ಇನ್ನೊಂದ್ಸಲ ತೋರಿಸಿ," ಎಂದಳು.

ಪೀರಪ್ಪ ಮತ್ತೆ ಹೆಬ್ಬೆರಳಿನಿಂದ ಶುರು ಮಾಡಿದ.